ಬಾಗಿನ ಬಿಟ್ಟ ಜಾಗದ ಮಣ್ಣು

ಮೊದಲ ಕೊಳವೆಯ ಮಣ್ಣು ಕೆಲಸಕ್ಕೆ ಬರಲಿಲ್ಲ. ಪ್ರಯೋಗಾಲಯದ ಪರದೆಯ ಮೇಲೆ, ಮೇಲಿನ ಪದರದಿಂದ ಕೆಳಗಿನ ಪದರದವರೆಗೆ, ಸೀಸಿಯಂ ಒಂದೇ ಸಮನಾಗಿ ಹರಡಿಕೊಂಡಿತ್ತು. ಎಲ್ಲೂ ಏರಿರಲಿಲ್ಲ, ಎಲ್ಲೂ ಇಳಿದಿರಲಿಲ್ಲ. ನನಗೆ ಮಾರ್ಗದರ್ಶನ ಮಾಡುತ್ತಿದ್ದ ಸರ್ ಅದನ್ನು ನೋಡಿ, "ಇದು ಕೆರೆ ಮಣ್ಣಲ್ಲಮ್ಮ, ರುಬ್ಬಿದ ಚಟ್ನಿ" ಎಂದರು. ಕೆಟ್ಟ ಸುದ್ದಿಯನ್ನು ಅವರು ಯಾವಾಗಲೂ ಹಾಗೆಯೇ ಹೇಳುತ್ತಿದ್ದರು.

ನಾನು ಮಾಡುತ್ತಿದ್ದ ಕೆಲಸವನ್ನು ಸ್ವಲ್ಪ ವಿವರಿಸಬೇಕು. ಪ್ರತಿ ಮಳೆಗಾಲ ಹೊಲಗಳಿಂದ ಕೊಚ್ಚಿ ಬಂದ ಮಣ್ಣು ಕೆರೆಯ ತಳದಲ್ಲಿ ಪದರವಾಗಿ ಕೂರುತ್ತದೆ. ದಿನಗಟ್ಟಲೆ ಸಣ್ಣಗೆ ಸುರಿದ ಮಳೆ ನುಣುಪಾದ ಜೇಡಿಯನ್ನು ತರುತ್ತದೆ. ಒಂದೇ ಸಂಜೆ ರಪರಪ ಹೊಡೆದು ಹೋದ ಮಳೆ ಮರಳನ್ನೂ ಸಣ್ಣ ಹರಳುಗಳನ್ನೂ ಎಳೆದು ತರುತ್ತದೆ. ಕೆರೆಯ ತಳಕ್ಕೆ ಒಂದು ಪ್ಲಾಸ್ಟಿಕ್ ಕೊಳವೆಯನ್ನು ನೆಟ್ಟಗೆ ಇಳಿಸಿ ಮೇಲೆತ್ತಿದರೆ, ಹಿಂದಿನ ಮಳೆಗಳೆಲ್ಲ ಒಂದರ ಕೆಳಗೊಂದು ಕೂತಿರುತ್ತವೆ. ನಮ್ಮ ಕಡೆಯ ಮಳೆ ನಿಜವಾಗಿ ಬದಲಾಗಿದೆಯೇ, ಬದಲಾಗಿದ್ದರೆ ಯಾವಾಗಿನಿಂದ ಎಂದು ಅದರಿಂದ ಓದಬಹುದು. ಆದರೆ ಯಾವ ಪದರ ಯಾವ ವರ್ಷದ್ದು ಎಂದು ಮಣ್ಣು ತಾನಾಗಿ ಹೇಳುವುದಿಲ್ಲ. ಅದಕ್ಕೊಂದು ಗುರುತು ಬೇಕು.

ಆ ಗುರುತನ್ನು ಕೊಟ್ಟದ್ದು ಅಣುಬಾಂಬುಗಳು. ಐವತ್ತರ ದಶಕದಲ್ಲಿ, ಅರವತ್ತರ ಆರಂಭದಲ್ಲಿ ದೊಡ್ಡ ದೇಶಗಳು ಮರುಭೂಮಿಗಳಲ್ಲಿ, ದ್ವೀಪಗಳಲ್ಲಿ, ಬಯಲು ಗಾಳಿಯಲ್ಲೇ ಬಾಂಬುಗಳನ್ನು ಸಿಡಿಸಿ ಪರೀಕ್ಷೆ ಮಾಡಿದವು. ಅದರ ಧೂಳು ಆಕಾಶದ ತೀರ ಎತ್ತರಕ್ಕೆ ಹೋಗಿ, ಭೂಮಿಯನ್ನೆಲ್ಲ ಸುತ್ತಿ, ಮಳೆಯ ಜೊತೆ ಕೆಳಗಿಳಿಯಿತು. ಅದರಲ್ಲಿದ್ದ ಸೀಸಿಯಂ ಜೇಡಿಯ ಕಣಗಳಿಗೆ ಬಿಗಿಯಾಗಿ ಅಂಟಿಕೊಳ್ಳುತ್ತದೆ. ಬಯಲು ಪರೀಕ್ಷೆಗಳನ್ನು ನಿಲ್ಲಿಸುವ ಒಪ್ಪಂದವಾದ ಹೊತ್ತಿಗೆ, ಸಾವಿರದ ಒಂಬೈನೂರ ಅರವತ್ತಮೂರರ ಆಸುಪಾಸಿನಲ್ಲಿ, ಅದು ಅತಿ ಹೆಚ್ಚು ಬಿತ್ತು. ಮಣ್ಣಿನ ಕಂಬದಲ್ಲಿ ಆ ಏರು ಸಿಕ್ಕಿದರೆ ಒಂದು ವರ್ಷ ಸಿಕ್ಕಿದಂತೆ. ಅಲ್ಲಿಂದ ಮೇಲಿನದನ್ನೆಲ್ಲ ಅಳೆಯಬಹುದು. ಹವೆ ಕೆಡುತ್ತಿರುವುದನ್ನು ಅಳೆಯಲು ನಮಗಿರುವ ನಂಬಿಕೆಯ ಗಡಿಯಾರಗಳಲ್ಲಿ ಒಂದು, ಮನುಷ್ಯ ಮಾಡಿದ ಅತ್ಯಂತ ಕೆಟ್ಟ ವಸ್ತುವಿನಿಂದ ಬಂದದ್ದು. ಅದೂ ನಿಲ್ಲುತ್ತಾ ಬಂದಿರುವ ಗಡಿಯಾರ. ಸೀಸಿಯಂ ಮೂವತ್ತು ವರ್ಷಕ್ಕೊಮ್ಮೆ ಅರ್ಧವಾಗುತ್ತದೆ. ಈಗ ಉಳಿದಿರುವುದು ಕಾಲುಭಾಗದಷ್ಟು. ನಮ್ಮ ದಕ್ಷಿಣದ ಕಡೆ ಬಿದ್ದದ್ದೂ ಮೊದಲೇ ಕಡಿಮೆ.

ಕೆರೆಯನ್ನು ಆರಿಸಲು ಮೂರು ತಾಲ್ಲೂಕು ಸುತ್ತಿದ್ದೆ. ತರೀಕೆರೆ ಕಡೆಯ ಕೆರೆಯಲ್ಲಿ ನೀರು ಬತ್ತುವುದೇ ಇಲ್ಲ. ಕೊಳವೆ ಇಳಿಸಲು ದೋಣಿ, ತೇಲುವ ಅಟ್ಟಣೆ ಬೇಕು, ಅದು ನಮ್ಮ ವಿಭಾಗದಲ್ಲಿ ಇರಲಿಲ್ಲ. ಅಜ್ಜಂಪುರದ ಹತ್ತಿರ ನೋಡಿದ್ದ ಕೆರೆಯ ಹೂಳನ್ನು ನಾನು ಹೋಗುವ ಹಿಂದಿನ ಬೇಸಿಗೆಯಲ್ಲೇ ಪೂರ್ತಿ ಎತ್ತಿಬಿಟ್ಟಿದ್ದರು. ಗೆರೆ ಎಳೆದ ಹಾಗೆ ಜೆಸಿಬಿಯ ಹಲ್ಲಿನ ಗುರುತು ಮಾತ್ರ ಉಳಿದಿತ್ತು. ಕೊನೆಗೆ ಉಳಿದದ್ದು ಕಡೂರು ತಾಲ್ಲೂಕಿನ, ಪಂಚನಹಳ್ಳಿ ಕಡೆಯ ಒಂದು ಊರಿನ ಕೆರೆ. ಬೇಸಿಗೆಯಲ್ಲಿ ಒಣಗುತ್ತದೆ, ಸುತ್ತ ಬರೀ ಹೊಲ, ನೀರು ಬರುವ ದಾರಿ ಒಂದೇ. ಪ್ರಸ್ತಾವನೆಯಲ್ಲಿ ಈ ಕಾರಣಗಳನ್ನು ಬರೆದೆ. ಇನ್ನೊಂದು ಕಾರಣವಿತ್ತು, ಅದನ್ನು ಬರೆಯಲಿಲ್ಲ. ನನ್ನ ಅಮ್ಮ ಆ ಊರಿನ ಪ್ರಾಥಮಿಕ ಶಾಲೆಯಲ್ಲಿ ಕೆಲವು ವರ್ಷ ಟೀಚರ್ ಆಗಿದ್ದಳು. "ನೀನು ಹೊಟ್ಟೆಯಲ್ಲಿದ್ದಾಗ ಆ ಕೆರೆ ಕೋಡಿ ಬಿದ್ದಿತ್ತು" ಎಂದು ಒಮ್ಮೆ ಹೇಳಿದ್ದಳು. ಕೋಡಿ ಬೀಳುವುದೆಂದರೆ ಕೆರೆ ತುಂಬಿ, ಹೆಚ್ಚಾದ ನೀರು ಕೋಡಿಯ ಕಲ್ಲು ಹತ್ತಿ ಹರಿಯುವುದು. ನಾನು ಹೂಂ ಎಂದಿದ್ದೆ. ಮುಂದೆ ಏನನ್ನೂ ಕೇಳಲಿಲ್ಲ. ಈಗ ಕೇಳಲು ಅಮ್ಮ ಇಲ್ಲ.

ಮೊದಲ ಕೊಳವೆ ಯಾಕೆ ಕೆಟ್ಟಿತು ಎಂದು ತಿಳಿಯಲು ಮತ್ತೆ ಊರಿಗೆ ಹೋದೆ. ಕಡೂರಿನಲ್ಲಿ ಬಾಡಿಗೆಗೆ ಒಂದು ಕೋಣೆ ಹಿಡಿದಿದ್ದೆ; ಅಲ್ಲಿಂದ ಬಸ್ಸು. ಊರಿನಲ್ಲಿ ನನಗೆ ಸಹಾಯಕ್ಕೆ ಬರುತ್ತಿದ್ದವನು ಟ್ರ್ಯಾಕ್ಟರ್ ಇಟ್ಟುಕೊಂಡಿದ್ದ ಒಬ್ಬ ರೈತ. ನಲವತ್ತು ದಾಟಿದವನು, ಸ್ವಲ್ಪ ತೆಂಗು, ಸ್ವಲ್ಪ ರಾಗಿ. ಅವನನ್ನೇ ಕೇಳಿದೆ.

"ಕೆರೆ ಮಧ್ಯ ಯಾರೂ ಮಣ್ಣು ತೆಗೆದಿಲ್ಲ ಅಂತ ಹೇಳಿದ್ರಲ್ಲ?"

ಅವನು ತಲೆ ಕೆರೆದುಕೊಂಡ. "ಹೇಳಿದ್ದೆ ಮೇಡಂ."

"ತೆಗೆದಿದ್ದೀರಿ."

"ಎಲ್ರೂ ತೆಗ್ದಿದೀವಿ. ಬ್ಯಾಸಿಗೆ ಬಂದ್ರೆ ಗೋಡು ಹೊಡೀತೀವಿ ಹೊಲಕ್ಕೆ. ನಮ್ಮಪ್ಪ ಎತ್ತಿನ ಗಾಡೀಲಿ ಹೊಡ್ದ, ನಾನು ಟ್ರ್ಯಾಕ್ಟರಲ್ಲಿ ಹೊಡೀತೀನಿ. ಒಂದೊಂದ್ ಮನೇದು ಒಂದೊಂದ್ ಗುಂಡಿ ಐತೆ ಕೆರೇಲಿ."

"ಮತ್ತೆ ಅವತ್ತು ಯಾಕೆ ಇಲ್ಲ ಅಂದ್ರಿ?"

"ನೀವ್ ಗಣಿ ಇಲಾಖೆಯೋರು ಅಂದ್ಕೊಂಡ್ವಿ ಕಣ್ರೀ. ಬ್ಯಾಗು, ಮೀಟರು, ಟೋಪಿ. ಊರಿಗೂರೇ ಸೇರಿ, ಯಾರೂ ಬಾಯ್ ಬಿಡಬ್ಯಾಡ್ರಿ ಅಂತ ಮಾತಾಡ್ಕೊಂಡಿದ್ವಿ."

ನನಗೆ ಕೋಪ ಬರಬೇಕಿತ್ತು, ಬರಲಿಲ್ಲ. ಟೋಪಿ ಹಾಕಿಕೊಂಡು ಬಂದು, ಮೊದಲ ದಿನವೇ ಮಣ್ಣು ತೆಗೆದಿದ್ದೀರಾ ಎಂದು ಕೇಳಿದವಳು ನಾನು. ಕೆರೆಯ ಗೋಡು, ಅಂದರೆ ಹೂಳು, ಅವರ ಹೊಲದ್ದೇ. ಮಳೆಗಾಲದಲ್ಲಿ ಹೋದ ಮಣ್ಣನ್ನು ಬೇಸಿಗೆಯಲ್ಲಿ ವಾಪಸ್ ತರುತ್ತಾರೆ. ಆ ಗುಂಡಿಗಳಿಗೆ ಮತ್ತೆ ಹೊಸ ಮಣ್ಣು, ಹಳೇ ಮಣ್ಣು ಎಲ್ಲ ಕುಸಿದು ತುಂಬಿಕೊಳ್ಳುತ್ತದೆ. ಚಟ್ನಿ ಆದದ್ದು ಹೀಗೆ.

"ಯಾವ ಮನೆಯದೂ ಅಲ್ಲದ ಜಾಗ ಇದೆಯಾ?" ಎಂದೆ.

ಅವನು ಏರಿಯ ಕಡೆ ಕೈ ತೋರಿಸಿದ. ಏರಿಯ ಬುಡದಲ್ಲಿ ಹಳೇ ತೂಬು. ನೀರು ಬಿಡುವ ಬಾಯಿಗೆ ಯಾವ ಕಾಲದಲ್ಲೋ ಕಲ್ಲು ಜಡಿದು ಮುಚ್ಚಿ, ಹೊಸ ತೂಬನ್ನು ಆಚೆ ಕಟ್ಟಿದ್ದರು. "ಅದರ ಮುಂದೆ ಮಾತ್ರ ಯಾರೂ ಗೋಡು ತೆಗ್ಯಲ್ಲ. ಹೆಂಗಸ್ರು ಪೂಜೆ ಮಾಡೋ ಜಾಗ."

ಆ ಜಾಗ ನೋಡಿದೆ. ಕೆರೆಯ ಅತಿ ತಗ್ಗು ಅದೇ. ಉಳಿದ ಕಡೆ ಕಪ್ಪು ಮಣ್ಣು ಅಂಗೈ ಅಗಲ ಬಿರುಕು ಬಿಟ್ಟಿದ್ದರೆ ಇಲ್ಲಿ ಇನ್ನೂ ತೇವವಿತ್ತು. ಬಿರುಕಿಲ್ಲವೆಂದರೆ ಮೇಲಿನ ಮಣ್ಣು ಕೆಳಗೆ ಬಿದ್ದಿರುವುದಿಲ್ಲ. ತೂಬು ಮುಚ್ಚಿರುವುದರಿಂದ ನೀರಿನ ಸೆಳೆತವೂ ಇಲ್ಲ. ಇದಕ್ಕಿಂತ ಒಳ್ಳೆಯ ಜಾಗ ಕೇಳುವಂತಿರಲಿಲ್ಲ.

ಎರಡನೆಯ ಕೊಳವೆಯನ್ನು ಅಲ್ಲಿ ಇಳಿಸಿದೆವು. ಮೂರು ಕಾಲಿನ ಕಬ್ಬಿಣದ ಚೌಕಟ್ಟು ನಿಲ್ಲಿಸಿ, ಕೊಳವೆಯ ತಲೆಗೆ ಮರದ ದಿಮ್ಮಿ ಇಟ್ಟು, ಸುತ್ತಿಗೆಯಲ್ಲಿ ಮೆಲ್ಲಗೆ ಹೊಡೆಯಬೇಕು. ಜೋರಾಗಿ ಹೊಡೆದರೆ ಪದರಗಳು ಕುಗ್ಗುತ್ತವೆ. ಪ್ರತಿ ಹೊಡೆತಕ್ಕೂ ಒಳಗಿನ ಮಣ್ಣಿನ ಮಟ್ಟವನ್ನೂ ಹೊರಗಿನ ಮಟ್ಟವನ್ನೂ ಅಳೆದು ಎಷ್ಟು ಕುಗ್ಗಿತೆಂದು ನೋಡುತ್ತಿದ್ದೆ. ಅವನಿಗೆ ಆ ನಿಧಾನ ತಡೆಯಲಾಗುತ್ತಿರಲಿಲ್ಲ.

"ಏನ್ ಮೇಡಂ ಹುಡುಕ್ತಿರೋದು? ಚಿನ್ನಾನಾ?"

"ಬಾಂಬಿನ ಧೂಳು."

ಸುತ್ತಿಗೆ ನಿಂತಿತು. "ನಮ್ ಕೆರೇಲಾ?"

"ಎಲ್ಲಾ ಕೆರೆಯಲ್ಲೂ ಇದೆ. ಅರವತ್ತು ವರ್ಷದ ಹಿಂದೆ ಹೊರದೇಶದವರು ಪರೀಕ್ಷೆ ಮಾಡಿದ್ದು. ಮಳೆ ಜೊತೆ ಬಿತ್ತು."

"ಪರೀಕ್ಷೆ ಅವ್ರದ್ದು, ರಿಸಲ್ಟ್ ನಮಗೆ." ಆಮೇಲೆ ದನಿ ತಗ್ಗಿಸಿ, "ತೆಂಗಿನಕಾಯಿಗೂ ಬಂದೈತಾ? ಕಡೂರ್ ಮಾರ್ಕೆಟ್ಟಲ್ಲಿ ಎಲ್ಲೂ ಅನ್ಬೇಡಿ ಮೇಡಂ, ರೇಟ್ ಬಿದ್ದೋಯ್ತದೆ" ಎಂದ.

ಅದು ತೀರ ಕಡಿಮೆ, ಯಾರಿಗೂ ಏನೂ ಆಗುವುದಿಲ್ಲ ಎಂದು ಹೇಳಿದೆ. ನಾಲ್ಕು ಏಟು ಹೊಡೆದ. ಮತ್ತೆ ನಿಲ್ಲಿಸಿದ.

"ಟಿವೀಲಿ ದಿನಾ ಯುದ್ಧದ್ದೇ ಮಾತು. ಈಗ ನಿಜವಾಗ್ಲೂ ಹಾಕ್ಕೊಂಡ್ಬಿಟ್ರೆ? ಇಲ್ಲಿಗೆ ಬೀಳಲ್ಲ ಬಿಡಿ, ಇಲ್ಲೇನೈತೆ ಬೀಳಕ್ಕೆ."

"ಇಲ್ಲಿ ಬೀಳಬೇಕಾಗಿಲ್ಲ. ಊರುಗಳು ಉರಿದರೆ ಹೊಗೆ ಮೇಲಕ್ಕೆ ಹೋಗುತ್ತೆ. ಮಳೆ ಬೀಳೋ ಮೋಡಕ್ಕಿಂತ ಮೇಲೆ. ಅಲ್ಲಿಂದ ಅದನ್ನ ತೊಳೆದು ಇಳಿಸೋಕೆ ಮಳೆ ಇಲ್ಲ. ವರ್ಷಗಟ್ಟಲೆ ನಿಂತು ಬಿಸಿಲನ್ನ ತಡೆಯುತ್ತೆ. ನೆಲ ಕಾಯದೆ ಇದ್ದರೆ ಮುಂಗಾರು ಒಳಗೆ ಬರೋದಿಲ್ಲ."

"ಬರದೇ ಇಲ್ವಾ?"

"ಬಂದರೂ ಬಹಳ ಕಡಿಮೆ ಅಂತ ಲೆಕ್ಕ ಹಾಕಿದವರು ಹೇಳ್ತಾರೆ."

ಅವನು ಒಣ ಕೆರೆಯನ್ನು ಒಂದು ಸುತ್ತು ನೋಡಿದ. "ಯಾವನೋ ಯಾವನ್ ಜೊತೆಗೋ ಜಗಳಾಡಿ, ನಮ್ ಕೆರೆ ಒಣಗ್ಸೋದು. ಬಾಂಬ್ ಬ್ಯಾಡ ಬಿಡಿ, ಅದಿಲ್ದೇನೇ ಒಣಗ್ಸಿದಾರೆ" ಎಂದು ಮತ್ತೆ ಸುತ್ತಿಗೆ ಎತ್ತಿದ.

ಕೊಳವೆಯನ್ನು ಟ್ರ್ಯಾಕ್ಟರಿನ ಹಿಂದಿನ ಎತ್ತುವ ತೋಳಿಗೆ ಸರಪಳಿ ಕಟ್ಟಿ ಮೇಲೆತ್ತಿದೆವು. ಅಡಿಯ ಬಾಯಿಗೆ ಕೈ ಒಡ್ಡಿ ಕೂತಿದ್ದೆ. ಮಣ್ಣು ಜಾರಲಿಲ್ಲ. ಬಸ್ಸಿನಲ್ಲಿ ಒಯ್ದರೆ ಹಸಿ ಮಣ್ಣು ಕುಲುಕಿ ಹಾಳಾಗುತ್ತದೆಂದು, ಅವನ ಮನೆಯ ಪಕ್ಕದ ಟ್ರ್ಯಾಕ್ಟರ್ ಶೆಡ್ಡಿನಲ್ಲೇ ಕೊಳವೆಯನ್ನು ಉದ್ದಕ್ಕೆ ಸೀಳಿ, ಮಣ್ಣನ್ನು ಬಿಲ್ಲೆ ಬಿಲ್ಲೆಯಾಗಿ ಕತ್ತರಿಸುವುದೆಂದು ನಿರ್ಧರಿಸಿದೆ.

ಸೀಳಿದ ಮೇಲೆ ಸ್ವಲ್ಪ ಹೊತ್ತು ನಾನು ಚಾಕು ಎತ್ತಲಿಲ್ಲ. ಪದರಗಳು ಅಷ್ಟು ಸ್ವಚ್ಛವಾಗಿದ್ದವು. ಕೆಳಗೆ ನುಣುಪಾದ ಕಪ್ಪು, ಮಧ್ಯೆ ಕಂದು, ಮೇಲೆ ಮೇಲೆ ಬಂದಂತೆ ಮರಳಿನ ಬಿಳಿಚು ಗೆರೆಗಳು ದಪ್ಪವಾಗುತ್ತಿದ್ದವು. ಮೇಲ್ಗಡೆಯ ಕೆಲವು ಬಿಲ್ಲೆಗಳನ್ನು ಕತ್ತರಿಸಿ ಚೀಲಕ್ಕೆ ಹಾಕಿ ಗುರುತು ಬರೆದೆ. ಮುಂದಿನದಕ್ಕೆ ಚಾಕು ಹಾಕಿದಾಗ ಏನೋ ಕರಕರ ಎಂದಿತು. ಕಲ್ಲೆಂದುಕೊಂಡು ಬೆರಳಿಂದ ಬಿಡಿಸಿದೆ. ಹಸಿರು ಗಾಜಿನ ಬಳೆಯ ಚೂರು.

"ಅಯ್ಯೋ, ಏನದು ನೀನ್ ಹಿಡ್ಕೊಂಡಿರೋದು?"

ಶೆಡ್ಡಿನ ಬಾಗಿಲಲ್ಲಿ ಟ್ರ್ಯಾಕ್ಟರಿನವನ ತಾಯಿ ನಿಂತಿದ್ದರು. ಎಲೆಅಡಿಕೆ ಬಾಯಿ, ಸೊಂಟಕ್ಕೆ ಸಿಕ್ಕಿಸಿದ ಸೆರಗು. ಊರಿನ ಹೆಂಗಸರೆಲ್ಲ ಅವರನ್ನು ದೊಡ್ಡಮ್ಮ ಎನ್ನುತ್ತಿದ್ದರು. ನನಗೆ ಅಜ್ಜಿ ಎನ್ನುವುದೇ ಬಾಯಿಗೆ ಬಂದಿತ್ತು. ಅವರು ಹತ್ತಿರ ಬಂದು ಕೊಳವೆಯನ್ನು ನೋಡಿದರು, ಮಗನನ್ನು ನೋಡಿದರು.

"ಎಲ್ಲೀದ್ಲಾ ಇದು?"

"ಹಳೇ ತೂಬಿನ ಹತ್ರದ್ದು. ಮಣ್ ಕಣವ್ವ ಅದು, ಬರೀ ಮಣ್ಣು."

"ಮಣ್ಣಂತೆ! ನಿಮ್ಮಜ್ಜಿ ಬಿಟ್ಟಿದ್ದು, ನಿಮ್ಮತ್ತೆ ಬಿಟ್ಟಿದ್ದು, ನಾನ್ ಬಿಟ್ಟಿದ್ದು. ಗಂಗಮ್ಮಂಗೆ ಕೊಟ್ ಬಾಗಿನ ಪೈಪಲ್ಲಿ ಎತ್ಕೊಂಬಂದಿದೀಯಲ್ಲೋ. ನಿನ್ ತಲೇಲೇನ್ ಡೀಸೆಲ್ ತುಂಬೈತಾ?"

ಆಗ ನನಗೆ ಪೂರ್ತಿ ಅರ್ಥವಾಯಿತು. ಕೆರೆ ತುಂಬಿ ಕೋಡಿ ಬಿದ್ದ ವರ್ಷ ಊರಿನ ಹೆಂಗಸರು ಮೊರದಲ್ಲಿ ಅರಿಶಿನ, ಕುಂಕುಮ, ಬಳೆ, ಬಾಚಣಿಗೆ, ಧಾನ್ಯ ಇಟ್ಟು ಹಳೇ ತೂಬಿನ ಮುಂದೆ ನೀರಿಗೆ ಬಿಡುತ್ತಾರೆ. ಮೊರ ಕೊಳೆಯುತ್ತದೆ, ಬಳೆ ಉಳಿಯುತ್ತದೆ. ತುಂಬದ ವರ್ಷ ಬಾಗಿನವಿಲ್ಲ. ಅಂದರೆ ಆ ಕಂಬದಲ್ಲಿ ಬಳೆ ಸಿಕ್ಕಿದ ಪದರವೆಲ್ಲ ಕೆರೆ ತುಂಬಿದ ಕಾಲದ ಪದರ. ಇಂಥ ದಾಖಲೆ ಎಲ್ಲೂ ಇರಲಾರದು. ಅದನ್ನು ಅರ್ಥ ಮಾಡಿಕೊಂಡ ಗಳಿಗೆಯಲ್ಲೇ ಅದು ಕೈಬಿಟ್ಟು ಹೋಗುವುದೂ ಕಾಣಿಸಿತು. ಶೆಡ್ಡಿನ ಮುಂದೆ ಅಷ್ಟರಲ್ಲಿ ಇನ್ನೂ ಕೆಲವರು ಹೆಂಗಸರು ಸೇರಿದ್ದರು.

"ಕೊಟ್ಟಿದ್ನ ವಾಪಸ್ ಇಸ್ಕೊಳ್ಳೋದುಂಟಾ? ಈಗ್ಲೇ ಮಳೆ ನೆಟ್ಟಗಿಲ್ಲ" ಎಂದಳು ಒಬ್ಬಳು.

"ಅವ್ಳಿಗೇನ್ ಗೊತ್ತು, ಓದ್ದೋಳು" ಎಂದಳು ಇನ್ನೊಬ್ಬಳು. ಅದು ನನ್ನ ಪರವೋ ವಿರುದ್ಧವೋ ತಿಳಿಯಲಿಲ್ಲ.

ಟ್ರ್ಯಾಕ್ಟರಿನವನು ನನ್ನ ಪಕ್ಕಕ್ಕೆ ಬಂದು ಪಿಸುಗುಟ್ಟಿದ. "ಅವ್ವ ಮಧ್ಯಾನ ಉಂಡು ಅಡ್ಡಾಯ್ತಾಳೆ. ಗಾಡಿಗ್ ಹಾಕ್ಕೊಂಡ್ ಹೋಗ್ಬಿಡಾಣ ಮೇಡಂ."

ಬೇಡ ಎಂದೆ. ಅಮ್ಮ ಈ ಊರಿನಲ್ಲಿ ಟೀಚರ್ ಆಗಿದ್ದಳೆಂದು ಆಗ ಹೇಳಬಹುದಿತ್ತು. ಬಾಯಿಗೆ ಬಂದಿತ್ತು ಕೂಡ. ಆದರೆ ಅಂಥ ಹೊತ್ತಿನಲ್ಲಿ ಅದನ್ನು ಹೇಳಿದರೆ ಅಮ್ಮನನ್ನು ಒಂದು ರಿಯಾಯಿತಿ ಕೇಳಲು ಬಳಸಿದಂತೆ. ಅಜ್ಜಿಯ ಎದುರಿಗೆ ಕೂತು, ನಾನು ಈ ಮಣ್ಣಿಗೆ ಏನು ಮಾಡುತ್ತೇನೆಂದು ಹೇಳಿದೆ. ಒಣಗಿಸುತ್ತೇನೆ, ಪುಡಿ ಮಾಡುತ್ತೇನೆ, ಡಬ್ಬಿಯಲ್ಲಿಟ್ಟು ಒಂದು ಯಂತ್ರದ ಮುಂದೆ ಇಡುತ್ತೇನೆ. ಯಂತ್ರ ಸುಮ್ಮನೆ ನೋಡುತ್ತದೆ. ಮಣ್ಣು ಖರ್ಚಾಗುವುದಿಲ್ಲ.

"ನೋಡಿ ಆದ್ಮೇಲೆ?"

"ವಾಪಸ್ ತಂದು ಕೆರೆಗೇ ಬಿಡ್ತೀನಿ. ಎಲ್ಲಾನೂ. ಬಳೆ ಚೂರೂ."

"ಒಂದ್ ಚಿಟಿಕೆ ಇಟ್ಕೊಳ್ಳಂಗಿಲ್ಲ."

"ಇಟ್ಕೊಳ್ಳಲ್ಲ."

ಹೇಳಿದ ಮೇಲೆ ನಾನು ಏನು ಹೇಳಿದೆನೆಂದು ನನಗೇ ತಟ್ಟಿತು. ಕಂಬವನ್ನು ಉದ್ದಕ್ಕೆ ಎರಡು ಭಾಗ ಮಾಡಿ, ಒಂದನ್ನು ಅಳೆದು ಇನ್ನೊಂದನ್ನು ಹಾಗೆಯೇ ಕಾಪಿಡುವುದು ನಮ್ಮ ಪದ್ಧತಿ. ನಾಳೆ ಯಾರಾದರೂ ನನ್ನ ಫಲಿತಾಂಶವನ್ನು ಅನುಮಾನಿಸಿದರೆ ಆ ಅರ್ಧವನ್ನು ತೆಗೆದು ಮತ್ತೆ ಅಳೆಯಬಹುದು. ಈಗ ಆ ಅರ್ಧ ಇರುವುದಿಲ್ಲ. ಸರ್‌ಗೆ ಫೋನ್ ಮಾಡುವ ಮೊದಲೇ ಮಾತು ಕೊಟ್ಟುಬಿಟ್ಟಿದ್ದೆ.

"ಆದ್ರೆ ಒಣ ಕೆರೇಗೆ ಬಾಗಿನ ಬಿಡಂಗಿಲ್ಲ" ಎಂದರು ಅಜ್ಜಿ. "ತುಂಬಬೇಕು. ಕೋಡಿ ಬೀಳ್ಬೇಕು. ಅಲ್ಲೀಗಂಟ ನಿನ್ ಹತ್ರ ಮಡಿಕ್ಕೋ. ಕಸದ್ ಜೊತೆ ಇಡಬ್ಯಾಡ."

ಒಪ್ಪಿದೆ. ಹೆಂಗಸರು ಮೆಲ್ಲಗೆ ಚದುರಿದರು. ಅಜ್ಜಿ ಒಳಗೆ ಕರೆದು ಮುದ್ದೆ, ಹುರುಳಿ ಸಾರು ಬಡಿಸಿದರು. ನಾನು ಮುದ್ದೆ ಮುರಿಯುವ ರೀತಿ ನೋಡಿ, "ಪ್ಯಾಟೆ ಕೈ" ಎಂದು ನಕ್ಕರು. ಮದುವೆ ಆಗಿಲ್ಲವಾ ಎಂದು ಕೇಳಿದರು, ಯಾಕೆ ಎಂದೂ ಕೇಳಿದರು. ನಂತರ, "ಯಾರ್ ಪೈಕಿ ನೀನು?" ಎಂದರು. ಆಗ ಹೇಳಿದೆ.

ಅಜ್ಜಿ ಬಡಿಸುವ ಸೌಟನ್ನು ಕೆಳಗಿಟ್ಟರು. "ಟೀಚರಮ್ಮನ್ ಮಗಳಾ? ಆ ಬಳೇಪೇಟೆ ಕೈಯೋಳು... ಅಲ್ಲ, ಬರೀ ಎರಡೇ ಬಳೆ ಹಾಕ್ತಿದ್ಳು, ಅದ್ಕೇ ನಾವ್ ಹಂಗೆ ರೇಗಿಸ್ತಿದ್ವಿ. ಮೊದ್ಲೇ ಹೇಳಕ್ಕೆ ಏನಾಗಿತ್ತೇ ನಿಂಗೆ? ಬಾಯಿಗೆ ಬೀಗ ಹಾಕ್ಕೊಂಡಿದ್ಯಾ?"

"ಹೇಳಿದ್ದರೆ ಮಣ್ಣು ಬಿಡ್ತಿದ್ರಾ ಅಜ್ಜಿ?"

"ಬಿಡ್ತಿರ್ಲಿಲ್ಲ" ಎಂದರು ತಕ್ಷಣ. ಆಮೇಲೆ, ಕೇಳದೆಯೇ, ಹೇಳಿದರು. ಕೋಡಿ ಬಿದ್ದ ವರ್ಷ ಅಮ್ಮ ಶಾಲೆಯ ಮಕ್ಕಳನ್ನೆಲ್ಲ ಕೋಡಿಯ ಹತ್ತಿರ ಸಾಲಾಗಿ ನಿಲ್ಲಿಸಿ, ಒಬ್ಬೊಬ್ಬರ ಕೈಯಲ್ಲೂ ತೆಂಗಿನ ಚಿಪ್ಪನ್ನು ನೀರಿಗೆ ಬಿಡಿಸಿ, ಅದು ಆ ಕಲ್ಲಿನಿಂದ ಈ ಕಲ್ಲಿಗೆ ಬರುವವರೆಗೆ ಒಂದು ಎರಡು ಎಂದು ಎಣಿಸುತ್ತಿದ್ದಳಂತೆ. "ನೀರ್ ನೋಡಿ ಜನ ಕೈ ಮುಗೀತಿದ್ರೆ ಇವ್ಳು ಲೆಕ್ಕ ಮಾಡಿಸೋಳು. ಬಸುರಿ ನೀರ್ ಹತ್ರ ಬರಬ್ಯಾಡ ಅಂದ್ವಿ. ಏರಿ ಮೇಲ್ ನಿಂತು ಮೊರ ನನ್ ಕೈಗ್ ಕೊಟ್ಳು. ನಾನೇ ಬಿಟ್ಟೆ. ಎಷ್ಟ್ ದೂರ ಹೋಯ್ತು, ಎಲ್ಲಿ ಮುಳುಗ್ತು ಅಂತ ಮೇಲಿಂದ ಕೂಗಿ ಕೂಗಿ ಕೇಳಿದ್ಳು."

ಅಮ್ಮ ಕೂಗುವುದನ್ನು ನಾನು ಯಾವತ್ತೂ ಕೇಳಿರಲಿಲ್ಲ. ಮನೆಯಲ್ಲಿ ಅವಳದು ಸಣ್ಣ ದನಿ.

ಸರ್‌ಗೆ ಫೋನ್ ಮಾಡಿ ಎಲ್ಲ ಹೇಳಿದೆ. "ಮಾದರಿ ಉಳಿಸಿಕೊಳ್ಳದೆ ಬರೆದರೆ ಯಾರು ನಂಬ್ತಾರಮ್ಮ?" ಎಂದರು. ನಂಬದೆ ಇದ್ದರೆ ಇಲ್ಲ ಸರ್, ಎಂದೆ. ಎರಡು ಬಾರಿ ಅಳೆಯೋಣ, ಎಲ್ಲ ಅಂಕಿಗಳನ್ನೂ ಹಾಗೆಯೇ ಮುಂದಿಡೋಣ, ಮಣ್ಣು ಯಾಕೆ ಇಲ್ಲವೆಂಬುದನ್ನೂ ಬರೆಯೋಣ ಎಂದೆ. "ನಿನಗೆ ಹಟ ಇದೆ ಅಂತ ಗೊತ್ತಿರಲಿಲ್ಲ" ಎಂದು ಫೋನ್ ಇಟ್ಟರು. ಆದರೆ ಸೀಸಿಯಂ ಅಳೆಯುವ ಡಿಟೆಕ್ಟರಿನ ಸರದಿಯಲ್ಲಿ ನನ್ನ ಹೆಸರನ್ನು ಅವರೇ ಮುಂದಕ್ಕೆ ಹಾಕಿಸಿದ್ದು ಆಮೇಲೆ ತಿಳಿಯಿತು.

ಬಿಲ್ಲೆಗಳನ್ನು ಒಣಗಿಸಿ, ಬಳೆ ಚೂರುಗಳನ್ನು ಬೇರೆ ಮಾಡಿ, ಪುಡಿ ಜರಡಿ ಹಿಡಿದು ಸಣ್ಣ ಪ್ಲಾಸ್ಟಿಕ್ ಡಬ್ಬಿಗಳಿಗೆ ತುಂಬಿದೆ. ಜರಡಿಯನ್ನು ಪ್ರತಿ ಸಲ ಕುಂಚದಿಂದ ಒರೆಸಿ ಅದರ ಧೂಳನ್ನೂ ಡಬ್ಬಿಗೇ ಹಾಕುತ್ತಿದ್ದೆ. ಚಿಟಿಕೆ ಇಟ್ಟುಕೊಳ್ಳುವುದಿಲ್ಲವೆಂದು ಹೇಳಿದ್ದೆನಲ್ಲ. ಜರ್ಮೇನಿಯಂ ಡಿಟೆಕ್ಟರನ್ನು ದ್ರವ ನೈಟ್ರೋಜನ್ನಿನಿಂದ ತಂಪಾಗಿಟ್ಟಿರುತ್ತಾರೆ, ಸುತ್ತ ಸೀಸದ ದಪ್ಪ ಗೋಡೆ. ಒಳಗೆ ಡಬ್ಬಿ ಇಟ್ಟು ಮುಚ್ಚಳ ಎಳೆದರೆ, ಆ ಸ್ವಲ್ಪ ಮಣ್ಣು ಮತ್ತು ಯಂತ್ರ ಇಬ್ಬರೇ. ನಮ್ಮ ಕಡೆಯ ಮಣ್ಣಿನಲ್ಲಿ ಸಂಜ್ಞೆ ಎಷ್ಟು ಕ್ಷೀಣವೆಂದರೆ ಒಂದೊಂದು ಡಬ್ಬಿಯನ್ನೂ ದಿನಗಟ್ಟಲೆ ಇಡಬೇಕಾಯಿತು. ಮಧ್ಯೆ ಒಮ್ಮೆ ನೈಟ್ರೋಜನ್ ಬರುವುದು ತಡವಾಗಿ ಯಂತ್ರ ಬೆಚ್ಚಗಾಯಿತು. ಅದನ್ನು ಮತ್ತೆ ತಂಪು ಮಾಡಿ, ಮಾಪನ ಸರಿಪಡಿಸಿ, ಮೊದಲಿನಿಂದ ಶುರು ಮಾಡಿದೆ.

ಮೇಲಿನ ಡಬ್ಬಿಗಳಲ್ಲಿ ಹೆಚ್ಚೇನೂ ಇರಲಿಲ್ಲ. ಕೆಳಕ್ಕೆ ಹೋದಂತೆ ಸ್ವಲ್ಪ ಸ್ವಲ್ಪ ಏರಿತು. ಕೊನೆಗೆ ಒಂದು ಡಬ್ಬಿಯಲ್ಲಿ, ಸೀಸಿಯಂ ಕಾಣಬೇಕಾದ ಜಾಗದಲ್ಲೇ, ಪರದೆಯ ಮೇಲೆ ಒಂದು ಪುಟ್ಟ ದಿಬ್ಬ ಎದ್ದಿತು. ಅದರ ಕೆಳಗಿನ ಡಬ್ಬಿಯಲ್ಲಿ ಇಳಿಯಿತು. ಅದರ ಕೆಳಗೆ ಏನೂ ಇಲ್ಲ. ಬಾಂಬುಗಳಿಗಿಂತ ಹಿಂದಿನ ಮಳೆಗಳು.

ಎಂದೋ, ಅಮ್ಮ ಇನ್ನೂ ಹುಟ್ಟುವ ಮೊದಲು, ಹೆಸರು ಗೊತ್ತಿಲ್ಲದ ದ್ವೀಪವೊಂದರಿಂದ ಎದ್ದ ಧೂಳು ಈ ಊರಿನ ಮೇಲೆ ಮಳೆಯಾಗಿ ಬಿದ್ದಿದೆ. ಜನ ಆ ಮಳೆಯನ್ನು ನೋಡಿ ಸಂತೋಷಪಟ್ಟಿದ್ದಾರೆ. ಆ ಡಬ್ಬಿಯ ಮಣ್ಣಿನಲ್ಲೇ ಎರಡು ಕಪ್ಪು ಬಳೆ ಚೂರುಗಳು ಸಿಕ್ಕಿದ್ದವು.

ಆ ಗುರುತಿನಿಂದ ಮೇಲಕ್ಕೆ ಅಳೆದುಕೊಂಡು ಬಂದೆ. ಮರಳಿನ ಪದರಗಳು ದಪ್ಪವಾಗಿ, ಹತ್ತಿರ ಹತ್ತಿರವಾಗಿ ಬರುವುದು ಇತ್ತೀಚಿನ ಕಾಲದಲ್ಲೇ. ಮಳೆ ನಿಂತು ಸುರಿಯುವುದು ಕಡಿಮೆಯಾಗಿ ಒಮ್ಮೆಲೇ ಹೊಡೆಯುವುದು ಹೆಚ್ಚಿದೆ ಎಂಬುದಕ್ಕೆ ಅದು ಹೊಂದುತ್ತದೆ. ಆದರೆ ಹೊಲಗಳ ಬದು ಹೋದದ್ದೂ, ಬೆಳೆ ಬದಲಾದದ್ದೂ ಮರಳನ್ನು ತರಬಹುದು. ಒಂದು ಕೆರೆಯ ಒಂದು ಕಂಬದಿಂದ ಇಷ್ಟು ಮಾತ್ರ ಹೇಳಬಹುದು ಎಂದು ಬರೆದೆ. ಬಳೆ ಸಿಕ್ಕಿದ ಪದರಗಳು ಮೇಲೆ ಬಂದಂತೆ ವಿರಳವಾಗಿದ್ದವು. ಕೆಳಗೂ ನಾನು ಅಂದುಕೊಂಡಿದ್ದಕ್ಕಿಂತ ಕಡಿಮೆಯೇ ಇದ್ದವು. ಅಜ್ಜಿಗೆ ಫೋನಿನಲ್ಲಿ ಹೇಳಿದೆ, ನಿಮ್ಮ ಕಾಲದಲ್ಲೂ ಪ್ರತಿ ವರ್ಷ ತುಂಬಿದ ಹಾಗೆ ಕಾಣುವುದಿಲ್ಲ ಎಂದು.

"ವರ್ಷಾ ವರ್ಷಾ ತುಂಬ್ತಿತ್ತು. ಬಳೆ ಎಲ್ಲಾ ನೀನ್ ಚುಚ್ಚಿದ್ ತೂತಿಗೇ ಬಂದ್ ಬೀಳ್ತಾವಾ?" ಎಂದರು. ಆ ಪ್ರಶ್ನೆಯನ್ನೂ ನೋಟ್‌ಬುಕ್ಕಿನಲ್ಲಿ ಬರೆದುಕೊಂಡೆ.

ಲೆಕ್ಕದ ಪ್ರಕಾರ ಅಮ್ಮ ಮೊರ ಕೊಟ್ಟ ವರ್ಷದ ಆಸುಪಾಸಿಗೆ ಬರುವ ಒಂದು ಡಬ್ಬಿ ಇತ್ತು. ಅದರ ಮಣ್ಣಿನಿಂದ ಬಂದದ್ದು ಒಂದು ಹಸಿರು ಚೂರು. ಶೆಡ್ಡಿನಲ್ಲಿ ನನ್ನ ಕೈಗೆ ಸಿಕ್ಕಿದ್ದು ಅದೇ. ನನ್ನ ಲೆಕ್ಕದಲ್ಲಿ ಕೆಲವು ವರ್ಷಗಳ ತಪ್ಪಿಗೆ ಜಾಗವಿದೆ, ಬಳೆ ಹಸಿ ಮಣ್ಣಿನಲ್ಲಿ ಸ್ವಲ್ಪ ಇಳಿದೂ ಇರುತ್ತದೆ, ಮತ್ತು ಊರಿನ ಹೆಂಗಸರು ಹೆಚ್ಚಾಗಿ ಹಸಿರು ಬಳೆಯನ್ನೇ ಬಿಡುತ್ತಾರೆ. ಅದು ಅಮ್ಮನದ್ದಾಗಿರಬಹುದು ಎಂದು ಎಲ್ಲೂ ಬರೆಯುವಂತಿಲ್ಲ. ಕೆಲಸ ಮುಗಿದ ಸಂಜೆಗಳಲ್ಲಿ ಆ ಚೂರಿನ ಬಾಗನ್ನು ಕಾಗದದ ಮೇಲಿಟ್ಟು, ಗೆರೆ ಮುಂದುವರಿಸಿ, ಪೂರ್ತಿ ಬಳೆಯ ಸುತ್ತು ಎಷ್ಟಿದ್ದೀತು ಎಂದು ಬರೆದು ನೋಡುತ್ತಿದ್ದೆ. ನನ್ನ ಕೈಗೆ ಅದು ಸ್ವಲ್ಪ ಚಿಕ್ಕದು.

ಪ್ರಬಂಧ ಪ್ರಕಟವಾಯಿತು. ಪರಿಶೀಲಿಸಿದವರಲ್ಲೊಬ್ಬರು, ಉಳಿಸಿಟ್ಟ ಮಾದರಿ ಎಲ್ಲಿದೆ ಎಂದು ಕೇಳಿದ್ದರು. ಅದನ್ನು ಕೆರೆಗೆ ಹಿಂದಿರುಗಿಸಲು ಒಪ್ಪಿದ್ದೇವೆ ಎಂದು ಒಂದು ಸಾಲು ಬರೆದೆವು. ಅವರು ಅದರ ಬಗ್ಗೆ ಮತ್ತೆ ಕೇಳಲಿಲ್ಲ. ಡಬ್ಬಿಗಳನ್ನು ಒಂದು ರಟ್ಟಿನ ಪೆಟ್ಟಿಗೆಯಲ್ಲಿ ಜೋಡಿಸಿ ಕಡೂರಿನ ಕೋಣೆಯ ಗೋಡೆಯ ಮಾಡದಲ್ಲಿ, ಪುಸ್ತಕಗಳ ಪಕ್ಕ ಇಟ್ಟಿದ್ದೆ. ಮಳೆಗಾಲ ಬಂತೆಂದರೆ ಟ್ರ್ಯಾಕ್ಟರಿನವನಿಗೆ ಫೋನ್ ಮಾಡಿ ನೀರು ಎಲ್ಲಿಗೆ ಬಂತೆಂದು ಕೇಳುತ್ತಿದ್ದೆ. "ಎಮ್ಮೆ ಮುಳ್ಗೋಷ್ಟು" ಎನ್ನುತ್ತಿದ್ದ. ಇನ್ನೊಮ್ಮೆ, "ಎಮ್ಮೆ ಮುಳ್ಗಿತ್ತು, ಈಗ ಎದ್ದೈತೆ" ಎಂದ. ತುಂಬಲಿ ಎಂದು ನಾನು ಬಯಸುತ್ತಿದ್ದೆ. ಅದು ನಿಜ. ತುಂಬಿಲ್ಲವೆಂದು ಕೇಳಿ ಫೋನ್ ಇಟ್ಟ ಮೇಲೆ ಪೆಟ್ಟಿಗೆಯ ಕಡೆ ನೋಡುತ್ತಿದ್ದದ್ದೂ ನಿಜ.

ಈ ವರ್ಷ ಹಿಂಗಾರಿನಲ್ಲಿ ಅವನೇ ಫೋನ್ ಮಾಡಿದ. "ಬನ್ನಿ ಮೇಡಂ, ಬಂದ್ಬಿಟ್ಟೈತೆ ನೀರು. ಅವ್ವ ಮೊರ ತರ್ಸವ್ಳೆ."

ಪೆಟ್ಟಿಗೆಯನ್ನು ತೊಡೆಯ ಮೇಲಿಟ್ಟುಕೊಂಡು ಬಸ್ಸಿನಲ್ಲಿ ಹೋದೆ. ಏರಿ ಹತ್ತಿದಾಗ ಎದುರಿಗೆ ನೀರು. ನಾನು ಆ ಕೆರೆಯಲ್ಲಿ ನೀರನ್ನು ನೋಡಿದ್ದು ಅದೇ ಮೊದಲು. ನಾನು ಕೂತು ಅಳೆದ ಜಾಗ, ಚೌಕಟ್ಟು ನಿಲ್ಲಿಸಿದ ಜಾಗ, ಎಲ್ಲದರ ಮೇಲೆ ಗಾಳಿಗೆ ಸಣ್ಣ ತೆರೆ ಓಡುತ್ತಿತ್ತು. ಹೆಂಗಸರು ಅರಿಶಿನ ಕುಂಕುಮ ಹಿಡಿದು ನಿಂತಿದ್ದರು. ಅಜ್ಜಿ ಮಾತ್ರ ಕೋಡಿಯ ಹತ್ತಿರ ಕೂತು ಕಲ್ಲನ್ನೇ ನೋಡುತ್ತಿದ್ದರು. ನೀರು ಕಲ್ಲಿನ ತಲೆಗಿಂತ ಒಂದು ಗೇಣು ಕೆಳಗಿತ್ತು.

"ಇಷ್ಟ್ ಸಾಕ್ ಬಿಡು ದೊಡ್ಡಮ್ಮ" ಎಂದಳು ಒಬ್ಬಳು. "ಮತ್ಯಾವಾಗ್ ಬತ್ತದೋ ಏನೋ. ಅವ್ಳೂ ಪಾಪ ಹೊತ್ಕೊಂಡ್ ಬಂದವ್ಳೆ."

"ಒಂದ್ ಗೇಣ್‌ಗೇನು, ಗಂಗಮ್ಮ ಸ್ಕೇಲ್ ಇಟ್ ನೋಡ್ತಾಳಾ?" ಎಂದ ಟ್ರ್ಯಾಕ್ಟರಿನವನು.

ಅಜ್ಜಿ ನನ್ನ ಕಡೆ ತಿರುಗಿದರು. "ನಿನ್ ಕೈಲೈತೆ. ನೀನೇ ಹೇಳು. ತುಂಬೈತಾ?"

ಎಲ್ಲರೂ ನನ್ನನ್ನು ನೋಡಿದರು. ಆಕಾಶ ಬಿಳಿಚಿಕೊಂಡಿತ್ತು, ಇನ್ನು ಮಳೆ ಬರುವ ಲಕ್ಷಣವಿರಲಿಲ್ಲ. ಹೂಂ ಎಂದರೆ ಕೆಲಸ ಮುಗಿಯುತ್ತಿತ್ತು, ಕೊಟ್ಟ ಮಾತೂ ನಡೆಯುತ್ತಿತ್ತು, ಯಾರೂ ಬೇಡ ಎನ್ನುತ್ತಿರಲಿಲ್ಲ. ನಾನು ಬಗ್ಗಿ ಕಲ್ಲಿನ ಮೇಲೆ ಕೈ ಇಟ್ಟೆ. ಬಿಸಿಲಿಗೆ ಬೆಚ್ಚಗಿತ್ತು. ಪೂರ್ತಿ ಒಣಗಿತ್ತು.

"ಇಲ್ಲ ಅಜ್ಜಿ. ತುಂಬಿಲ್ಲ."

ಅಜ್ಜಿ ಕಲ್ಲಿಗೆ ಕೈ ಊರಿದರು. "ಹೂಂ. ಇನ್ನಷ್ಟ್ ದಿನ ಮಡಿಕ್ಕೋ" ಎಂದು ಎದ್ದರು. "ನಾನ್ ಇರ್ತೀನೋ ಇಲ್ವೋ. ಸೊಸೆಗ್ ಹೇಳಿರ್ತೀನಿ, ಟೀಚರಮ್ಮನ್ ಮಗಳು ಬತ್ತಾಳೆ ಅಂತ."

ವಾಪಸ್ ಬರುವ ಬಸ್ಸಿನಲ್ಲಿ ಪಕ್ಕದ ಸೀಟಿನ ಹೆಂಗಸು ಪೆಟ್ಟಿಗೆಯನ್ನು ಮೇಲಿಡಲು ಕೈ ಚಾಚಿದಳು. ಬೇಡ ಎಂದೆ.

"ಏನಮ್ಮಾ ಅದು, ಅಷ್ಟ್ ಭದ್ರವಾಗ್ ಹಿಡ್ಕೊಂಡಿದ್ದೀಯಾ?"

"ಮಣ್ಣು. ವಾಪಸ್ ಕೊಡೋಕೆ ಹೋಗಿದ್ದೆ."

"ಇಸ್ಕೊಳ್ಳಲಿಲ್ವಾ?"

"ಈ ವರ್ಷ ಇಲ್ಲ" ಎಂದೆ.